ಹಗುರವಾದ ಚೀಲ: ಸಂಬಂಧಗಳ ಬಗ್ಗೆ ಒಂದು ಸಣ್ಣ ಸಿನಿಮಾ ಮಾಡುವುದು ಹೇಗೆ

ಸಂಬಂಧಗಳ ಸಿನಿಮಾ ಅಂದ ತಕ್ಷಣ ಎಲ್ಲರೂ ಹೇಳುವುದು ಒಂದೇ ಮಾತು: ಖರ್ಚು ಕಡಿಮೆ. ಇಬ್ಬರು ನಟರು, ಒಂದು ಮನೆ, ಒಂದು ಕ್ಯಾಮೆರಾ. ಫೈಟ್ ಇಲ್ಲ, ಸೆಟ್ ಇಲ್ಲ, ಗ್ರಾಫಿಕ್ಸ್ ಇಲ್ಲ. ಖರ್ಚು ಕಡಿಮೆ ಅನ್ನುವುದು ನಿಜವೇ. ಆದರೆ ತಪ್ಪಾದರೆ ಮುಚ್ಚಿಕೊಳ್ಳುವುದಕ್ಕೂ ಏನೂ ಇರುವುದಿಲ್ಲ. ದೊಡ್ಡ ಚಿತ್ರದಲ್ಲಿ ಒಂದು ಸೀನ್ ಸೋತರೆ ಮುಂದಿನ ಹಾಡು ಕೈ ಹಿಡಿಯುತ್ತದೆ. ಇಲ್ಲಿ ಒಂದು ಮಾತು ಸುಳ್ಳಾಗಿ ಕೇಳಿಸಿದರೂ ನೋಡುವವರು ಸೀಟಿನಲ್ಲಿ ಮಗ್ಗುಲು ಬದಲಿಸುತ್ತಾರೆ. ಕತ್ತಲಲ್ಲಿ ಆ ಸದ್ದು ಕೇಳಿದವರಿಗೇ ಗೊತ್ತು, ಅದೆಷ್ಟು ಜೋರು ಅಂತ.

ಇದು ಮೊದಲ ಸಲ ಇಂಥ ಚಿತ್ರಕ್ಕೆ ಕೈ ಹಾಕುವವರಿಗಾಗಿ ಬರೆದದ್ದು. ನಿಮ್ಮದು ಕಿರುಚಿತ್ರ ಆಗಿರಬಹುದು, ಪೂರ್ತಿ ಉದ್ದದ್ದೂ ಆಗಿರಬಹುದು. ಒಂದೇ ಉದಾಹರಣೆ ಇಟ್ಟುಕೊಂಡು ಕೊನೆತನಕ ಹೋಗೋಣ. ಒಬ್ಬನಿಗೆ ಕೆಲಸ ಹೋಗಿದೆ. ಮೂರು ವಾರ ಆಗಿದೆ. ಮನೆಯಲ್ಲಿ ಹೇಳಿಲ್ಲ. ದಿನಾ ಬೆಳಗ್ಗೆ ಇಸ್ತ್ರಿ ಮಾಡಿದ ಶರ್ಟು ಹಾಕಿಕೊಂಡು, ಆಫೀಸಿನ ಚೀಲ ಹೆಗಲಿಗೆ ಹಾಕಿಕೊಂಡು ಹೊರಡುತ್ತಾನೆ. ಈ ಕಥೆ ಹೊಸದೇನಲ್ಲ, ಬೇರೆ ಬೇರೆ ರೂಪದಲ್ಲಿ ಎಷ್ಟೋ ಸಲ ಬಂದಿದೆ. ಅದಕ್ಕೇ ಇದನ್ನು ಆರಿಸಿಕೊಂಡೆ. ಹಳೆಯ ಕಥೆ ಯಾವ ಜಾಗದಲ್ಲಿ ನಿಮ್ಮದಾಗುತ್ತದೆ ಅನ್ನುವುದು ಆಗ ಚೆನ್ನಾಗಿ ಕಾಣುತ್ತದೆ.

ಮೊದಲ ಹೆಜ್ಜೆ: ಗುಟ್ಟು ಎಲ್ಲಿದೆ ನೋಡಿ

"ಒಂಟಿತನದ ಬಗ್ಗೆ ಸಿನಿಮಾ ಮಾಡ್ತೀನಿ" ಅಂತ ಶುರು ಮಾಡಿದರೆ ಆರು ತಿಂಗಳಾದರೂ ಮೊದಲ ಪುಟ ಆಗುವುದಿಲ್ಲ. ಒಂಟಿತನವನ್ನು ಕ್ಯಾಮೆರಾ ಹಿಡಿಯಲಾರದು. ಕ್ಯಾಮೆರಾ ಹಿಡಿಯುವುದು ಕೈ, ಮುಖ, ಬಾಗಿಲು, ಚೀಲ. ಹಾಗಾಗಿ ವಿಷಯ ಬಿಟ್ಟು ಒಂದು ಪ್ರಶ್ನೆ ಕೇಳಿಕೊಳ್ಳಿ: ಈ ಮನೆಯಲ್ಲಿ ಯಾರು, ಯಾರಿಂದ, ಏನನ್ನು ಮುಚ್ಚಿಡುತ್ತಿದ್ದಾರೆ?

ನಮ್ಮ ಉದಾಹರಣೆಯಲ್ಲಿ ಗಂಡ ಮುಚ್ಚಿಡುತ್ತಿದ್ದಾನೆ. ಅಷ್ಟಕ್ಕೇ ನಿಲ್ಲಿಸಿದರೆ ಅದು ಒಬ್ಬನ ಕಷ್ಟದ ಕಥೆ, ಅಷ್ಟೆ. ಈಗ ಇನ್ನೊಂದು ಸೇರಿಸಿ. ಹೆಂಡತಿಗೆ ಗೊತ್ತಾಗಿದೆ. ಗೊತ್ತಾಗಿದೆ ಅನ್ನುವುದನ್ನು ಅವಳೂ ಮುಚ್ಚಿಡುತ್ತಿದ್ದಾಳೆ. ನೋಡಿ, ಈಗ ಸಂಬಂಧದ ಕಥೆ ಆಯಿತು. ಶರ್ಟಿಗೆ ಇಸ್ತ್ರಿ ಮಾಡುವ ಅದೇ ಸೀನ್ ಈಗ ಬೇರೆಯೇ ತೂಕ ಪಡೆಯುತ್ತದೆ. ಎಲ್ಲಿಗೂ ಹೋಗದ ಮನುಷ್ಯನ ಶರ್ಟಿಗೆ ಅವಳು ಇಸ್ತ್ರಿ ಮಾಡುತ್ತಿದ್ದಾಳೆ, ಅದೂ ಗೊತ್ತಿದ್ದೂ.

ಆಮೇಲೆ ಒಂದು ವಸ್ತು ಹುಡುಕಿ. ಗುಟ್ಟು ಹೊರಬೀಳುವುದು ಮಾತಿನಿಂದಲೇ ಆಗಬೇಕಿಲ್ಲ. ಕೆಲಸ ಹೋದಾಗ ಆಫೀಸಿನ ಲ್ಯಾಪ್‌ಟಾಪ್ ವಾಪಸ್ ಕೊಡಬೇಕು, ಅಲ್ವಾ? ಹಾಗಾದರೆ ಚೀಲ ಹಗುರ ಆಗಿರುತ್ತದೆ. ಅವಳಿಗೆ ಗೊತ್ತಾಗುವುದು ಹೀಗೆ: ಒಂದು ಬೆಳಗ್ಗೆ ಚೀಲ ಎತ್ತಿ ಕೊಡುತ್ತಾಳೆ, ಕೈ ಅಂದುಕೊಂಡದ್ದಕ್ಕಿಂತ ಬೇಗ ಮೇಲಕ್ಕೆ ಬಂದುಬಿಡುತ್ತದೆ. ಅಷ್ಟೇ. ಇಂಥದ್ದೊಂದು ಸಿಗುವ ತನಕ ಸ್ಕ್ರಿಪ್ಟ್ ಬರೆಯಲು ಕೂರಬೇಡಿ ಅನ್ನುವುದು ನನ್ನ ಹಟ. ವಾರ ಹಿಡಿದರೂ ಸರಿ, ಕಾಯಿರಿ.

ಎರಡನೆಯ ಹೆಜ್ಜೆ: "ಯಾರಿಗೆ ಏನು ಗೊತ್ತು" ಪಟ್ಟಿ

ಒಂದು ದೊಡ್ಡ ಹಾಳೆ ತೆಗೆದುಕೊಳ್ಳಿ. ಎಡಗಡೆ ಸೀನ್ ನಂಬರುಗಳು. ಮೇಲೆ ಪಾತ್ರಗಳ ಹೆಸರು, ಕೊನೆಯಲ್ಲಿ ಇನ್ನೊಂದು ಕಾಲಂ: ನೋಡುವವರು. ಪ್ರತಿ ಸೀನಿನ ಮುಂದೆ ಬರೆಯುತ್ತಾ ಹೋಗಿ. ಇಲ್ಲಿ ಅವನಿಗೆ ಏನು ಗೊತ್ತು? ಅವಳಿಗೆ ಏನು ಗೊತ್ತು? ಅವಳಿಗೆ ಗೊತ್ತಿರುವುದು ಅವನಿಗೆ ಗೊತ್ತಾ? ನೋಡುವವರು ಇವರಿಬ್ಬರಿಗಿಂತ ಮುಂದಿದ್ದಾರಾ, ಹಿಂದಿದ್ದಾರಾ?

ಬರೆಯುತ್ತಾ ಹೋದರೆ ಕೆಲವು ಸೀನುಗಳಲ್ಲಿ ಯಾವ ಕಾಲಂ ಕೂಡ ಬದಲಾಗುವುದಿಲ್ಲ. ಯಾರಿಗೂ ಹೊಸದೇನೂ ತಿಳಿಯುವುದಿಲ್ಲ, ಯಾರ ಅನುಮಾನವೂ ಹೆಚ್ಚಾಗುವುದಿಲ್ಲ. ಅವು ಕಿತ್ತುಹಾಕಬಹುದಾದ ಸೀನುಗಳು. ಬರೆದವರಿಗೆ ಅವೇ ಜಾಸ್ತಿ ಇಷ್ಟ ಆಗಿರುತ್ತವೆ, ಅದು ಬೇರೆ ಮಾತು. ಕಿಟಕಿ ಪಕ್ಕ ಕೂತು ಮಳೆ ನೋಡುವ ಸೀನ್ ನನ್ನ ಪ್ರತಿ ಸ್ಕ್ರಿಪ್ಟಿನಲ್ಲೂ ಇತ್ತು. ಒಂದರಲ್ಲೂ ಉಳಿಯಲಿಲ್ಲ.

ಈ ಹಾಳೆ ಬರವಣಿಗೆಗೆ ಮಾತ್ರ ಅಲ್ಲ. ಶೂಟಿಂಗ್‌ನಲ್ಲಿ ಸೀನುಗಳನ್ನು ಹಿಂದುಮುಂದು ತೆಗೆಯುತ್ತೀರಿ. ಸೀನ್ 31 ಬೆಳಗ್ಗೆ, ಸೀನ್ 4 ಮಧ್ಯಾಹ್ನ. ಆಗ ನಟಿ ಬಂದು "ಈಗ ನನಗೆ ಗೊತ್ತಾ, ಗೊತ್ತಿಲ್ವಾ?" ಅಂತ ಕೇಳಿದರೆ ನೀವು ತಡವರಿಸಬಾರದು. ಹಾಳೆ ಗೋಡೆಗೆ ಅಂಟಿಸಿರಲಿ.

ಮೂರನೆಯ ಹೆಜ್ಜೆ: ಬರೆಯಿರಿ, ಆಮೇಲೆ ಮಾತು ಕಡಿಯಿರಿ

ಮೊದಲ ಡ್ರಾಫ್ಟಿನಲ್ಲಿ ಪಾತ್ರಗಳು ಎಲ್ಲವನ್ನೂ ಬಾಯಿಬಿಟ್ಟು ಹೇಳುತ್ತವೆ. ಹೇಳಲಿ, ತಪ್ಪಿಲ್ಲ. ನಿಮಗೇ ಕಥೆ ಗೊತ್ತಾಗಬೇಕಲ್ಲ. ನಮ್ಮ ಸೀನ್ ಮೊದಲು ಹೀಗಿರುತ್ತದೆ:

"ನಿಮ್ಮ ಕೆಲಸ ಹೋಗಿ ಮೂರು ವಾರ ಆಯ್ತಂತೆ. ನನಗ್ಯಾಕೆ ಹೇಳಲಿಲ್ಲ?"
"ನಿನಗೆ ನೋವಾಗುತ್ತೆ ಅಂತ ಹೇಳಲಿಲ್ಲ."
"ನಾನು ನಿಮ್ಮ ಹೆಂಡತಿ ಅಲ್ವಾ? ನನ್ನ ಮೇಲೆ ನಂಬಿಕೆ ಇಲ್ವಾ?"

ವ್ಯಾಕರಣ ಸರಿ, ಭಾವನೆ ಸರಿ. ಆದರೂ ಇದು ರೇಡಿಯೋ ನಾಟಕ. ಈಗ ಎರಡನೆಯ ಡ್ರಾಫ್ಟ್:

ಅವನು ಶೂ ಕಟ್ಟಿಕೊಳ್ಳುತ್ತಿದ್ದಾನೆ. ಅವಳು ಕುರ್ಚಿಯ ಮೇಲಿದ್ದ ಚೀಲ ಎತ್ತುತ್ತಾಳೆ. ಕೈ ಸರ್ರನೆ ಮೇಲೆ ಬರುತ್ತದೆ. ಒಂದು ಕ್ಷಣ ಚೀಲವನ್ನೇ ನೋಡುತ್ತಾಳೆ.
"ಎಲ್ಲಾ ತಗೊಂಡ್ರಾ?"
"ಹೂಂ. ತಗೊಂಡೆ."
"ಸರಿ."
ಚೀಲ ಕೊಡುತ್ತಾಳೆ.

ಮರುದಿನ ಬೆಳಗ್ಗೆ ಅದೇ ಕುರ್ಚಿ, ಅದೇ ಚೀಲ. ಅವಳು ಎತ್ತಲು ಹೋದರೆ ಈ ಸಲ ಭಾರ. ಒಳಗೆ ಹಳೆಯ ಪತ್ರಿಕೆಗಳನ್ನು ತುಂಬಿದ್ದಾನೆ. ಅವಳು ಪ್ರಶ್ನೆ ಕೇಳಿದ ರೀತಿ ಅವನಿಗೆ ನಾಟಿದೆ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡಂತೆ. ಕೆಲಸದ ಬಗ್ಗೆ ಇಬ್ಬರೂ ಒಂದು ಮಾತೂ ಆಡಿಲ್ಲ, ಪಟ್ಟಿಯಲ್ಲಿ ಮಾತ್ರ ಮೂರು ಕಾಲಂ ಬದಲಾದವು.

ಮಾತು ಕಡಿಯುವ ಒಂದು ಸುಲಭ ವಿಧಾನ: ಪ್ರತಿ ಸೀನಿನ ಮೊದಲ ಎರಡು ಸಾಲು, ಕೊನೆಯ ಎರಡು ಸಾಲು ಕೈಯಿಂದ ಮುಚ್ಚಿ ಓದಿ. ಅರ್ಥ ಆದರೆ ಆ ನಾಲ್ಕು ಸಾಲೂ ಬೇಡ. ಜಗಳದ ಸೀನುಗಳಲ್ಲಿ ಮಾತ್ರ ಸ್ವಲ್ಪ ಬಿಡಿ. ಜನ ನಿಜವಾಗಿ ಜಗಳ ಆಡುವಾಗ ವಿಷಯ ಬಿಟ್ಟು ಎಲ್ಲೆಲ್ಲಿಗೋ ಹೋಗುತ್ತಾರೆ. ಟವೆಲ್ ಎಲ್ಲಿ ಹಾಕಿದೆ ಅನ್ನುವುದರಿಂದ ಶುರುವಾಗಿ ಹತ್ತು ವರ್ಷದ ಹಿಂದಿನ ಮದುವೆ ಮನೆಗೆ ಹೋಗಿ ನಿಲ್ಲುತ್ತದೆ. ಆ ದಾರಿ ತಪ್ಪುವಿಕೆಯನ್ನು ನೇರ ಮಾಡಬೇಡಿ.

ಉದ್ದದ ಲೆಕ್ಕ: ಇಂಗ್ಲಿಷ್ ಸ್ಕ್ರಿಪ್ಟುಗಳಲ್ಲಿ 12 ಪಾಯಿಂಟಿನ ಕೊರಿಯರ್ ಅಕ್ಷರದಲ್ಲಿ ಒಂದು ಪುಟಕ್ಕೆ ಸುಮಾರು ಒಂದು ನಿಮಿಷ ಅನ್ನುವ ಅಂದಾಜಿದೆ. ಬೇರೆ ಲಿಪಿಯಲ್ಲಿ ಬರೆದರೆ ಇದು ಹೊಂದುವುದಿಲ್ಲ. ಮೌನ ಜಾಸ್ತಿ ಇರುವ ಚಿತ್ರಕ್ಕಂತೂ ಇಲ್ಲವೇ ಇಲ್ಲ. ಗಟ್ಟಿಯಾಗಿ ಓದಿ, ಶೂ ಕಟ್ಟುವ ಹೊತ್ತನ್ನೂ ಸೇರಿಸಿ, ಸ್ಟಾಪ್‌ವಾಚ್ ಹಿಡಿಯಿರಿ.

ನಾಲ್ಕನೆಯ ಹೆಜ್ಜೆ: ಕಥೆ ಯಾರದ್ದು ಅಂತ ಕೇಳಿಕೊಳ್ಳಿ

ಇಂಥ ಸಿನಿಮಾಗಳು ಸಾಮಾನ್ಯವಾಗಿ ನಮ್ಮದೇ ಮನೆಯಿಂದ, ಗೆಳೆಯರ ಮನೆಯಿಂದ ಬರುತ್ತವೆ. ಚೀಲದ ಕಥೆ ನಿಮ್ಮ ಅಣ್ಣನದ್ದಾಗಿದ್ದರೆ ಅಣ್ಣನ ಹತ್ತಿರ ಮೊದಲೇ ಮಾತಾಡಿ. ಚಿತ್ರ ಮುಗಿದ ಮೇಲೆ ತೋರಿಸಿ ಅಚ್ಚರಿ ಪಡಿಸೋಣ ಅಂದುಕೊಳ್ಳಬೇಡಿ. ಅವರು ಬೇಡ ಅಂದರೆ ಕೆಲಸ, ಊರು, ವಯಸ್ಸು ಬದಲಿಸಿದರೆ ಸಾಲದು. ಗುರುತು ಸಿಗುವುದು ಇಂಥ ದೊಡ್ಡ ವಿವರದಿಂದ ಅಲ್ಲ, ಚೀಲದಂಥ ಸಣ್ಣದರಿಂದ. ಆಗ ಚೀಲವನ್ನೇ ಬಿಟ್ಟು ಬೇರೆ ಹುಡುಕಬೇಕು. ಒಪ್ಪಿದರೆ ಬರಹದಲ್ಲಿ ಒಪ್ಪಿಗೆ ತೆಗೆದುಕೊಳ್ಳಿ. ಮುಂದೆ ಚಿತ್ರ ಯಾರಾದರೂ ಕೊಳ್ಳಲು ಬಂದರೆ ಕಥೆಯ ಹಕ್ಕಿನ ಕಾಗದ ಮೊದಲು ಕೇಳುತ್ತಾರೆ.

ಪಾತ್ರದ ಒದ್ದಾಟ ಆತ್ಮಹತ್ಯೆಯ ಯೋಚನೆತನಕ ಹೋಗುವ ಕಥೆಯಾದರೆ ಇನ್ನೂ ಎಚ್ಚರ ಬೇಕು. ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲಿ ಸಿನಿಮಾ ಮತ್ತು ರಂಗಭೂಮಿಯವರಿಗೆಂದೇ ಒಂದು ಕೈಪಿಡಿ ತಂದಿದೆ. ವಿಧಾನವನ್ನು ತೋರಿಸಬೇಡಿ, ಕಷ್ಟದಿಂದ ಹೊರಬರುವ ದಾರಿಯೂ ಕಾಣಲಿ, ಗೆಳೆಯರು ಮನೆಯವರು ಆಸರೆಯಾಗುವುದನ್ನು ತೋರಿಸಿ ಅನ್ನುವುದು ಅದರ ತಿರುಳು. ಕಲೆಗೆ ಬೇಲಿ ಹಾಕುತ್ತಾರೆ ಅಂತ ಕೆಲವರು ಗೊಣಗುತ್ತಾರೆ. ನನಗೆ ಹಾಗೆ ಅನ್ನಿಸಿಲ್ಲ. ವಿಧಾನ ತೋರಿಸಲೇಬೇಕು ಅನ್ನಿಸುವ ಸೀನ್ ಬಹಳ ಸಲ ಮೊದಲಿನಿಂದಲೇ ಸೋಮಾರಿ ಸೀನ್ ಆಗಿರುತ್ತದೆ.

ಐದನೆಯ ಹೆಜ್ಜೆ: ಇರುವುದರಿಂದ ಲೆಕ್ಕ ಶುರು ಮಾಡಿ

ಹಾಸಿಗೆ ಇದ್ದಷ್ಟು ಕಾಲು ಚಾಚುವುದು ಇಲ್ಲಿ ಜಾಣತನ. ಸ್ಕ್ರಿಪ್ಟ್ ಬರೆದು ಲೊಕೇಶನ್ ಹುಡುಕುವ ಬದಲು, ಯಾವ ಮನೆ ಸಿಗುತ್ತದೆ ನೋಡಿ ಅದಕ್ಕೆ ಬರೆಯಿರಿ. ಮನೆ ನೋಡಲು ಹೋದಾಗ ಚಂದ ನೋಡಬೇಡಿ, ಮೂರು ವಿಷಯ ನೋಡಿ. ಕ್ಯಾಮೆರಾ ಹಿಂದೆ ಸರಿಯಲು ಜಾಗ ಇದೆಯಾ? ಕಿಟಕಿಯ ಬೆಳಕು ಎಷ್ಟು ಹೊತ್ತಿಗೆ ಎಲ್ಲಿ ಬೀಳುತ್ತದೆ? ಪಕ್ಕದಲ್ಲಿ ಏನು ಸದ್ದು? ಶೂಟಿಂಗ್ ಮಾಡುವ ವಾರದ ದಿನ, ಅದೇ ಹೊತ್ತಿಗೆ ಹೋಗಿ ಕಣ್ಣು ಮುಚ್ಚಿ ಐದು ನಿಮಿಷ ಕೂತು ಬನ್ನಿ. ಭಾನುವಾರ ಶಾಂತವಾಗಿದ್ದ ಬೀದಿ ಸೋಮವಾರ ಬೇರೆ ಬೀದಿ.

ದಿನಗಳ ಲೆಕ್ಕ ಸರಳ. ಸಣ್ಣ ತಂಡ, ಒಂದೇ ಮನೆ, ಮಾತಿನ ಸೀನುಗಳು ಅಂದರೆ ದಿನಕ್ಕೆ 5 ಪುಟ ಅಂತ ಹಿಡಿಯಿರಿ. 90 ಪುಟಕ್ಕೆ 18 ದಿನ. ಕಿರುಚಿತ್ರ 12 ಪುಟದ್ದಾದರೆ ಮೂರು ದಿನ. ಚಿತ್ರದಲ್ಲಿ ಎಲ್ಲಕ್ಕಿಂತ ಕಷ್ಟದ ಸೀನ್ ಒಂದಿರುತ್ತದಲ್ಲ, ಅದಕ್ಕೆ ಅರ್ಧ ದಿನ ಹೆಚ್ಚು ಇಟ್ಟುಕೊಳ್ಳಿ. ಅದನ್ನು ಮೊದಲ ದಿನವೂ ಇಡಬೇಡಿ, ಕೊನೆಯ ದಿನವೂ ಇಡಬೇಡಿ. ಮೊದಲ ದಿನ ಯಾರೂ ಯಾರಿಗೂ ಹೊಂದಿಕೊಂಡಿರುವುದಿಲ್ಲ. ಕೊನೆಯ ದಿನ ಎಲ್ಲರ ಕಣ್ಣು ಗಡಿಯಾರದ ಮೇಲೆ.

ಒಟ್ಟಿಗೆ 18 ದಿನ ಯಾರಿಗೂ ಬಿಡುವಿಲ್ಲವೆ? ವಾರಾಂತ್ಯಗಳಲ್ಲಿ ಮಾಡಿ. ಕ್ರಿಸ್ಟೋಫರ್ ನೋಲನ್ 1998ರ 'ಫಾಲೋಯಿಂಗ್' ಚಿತ್ರವನ್ನು ಮಾಡಿದ್ದು ಹಾಗೆಯೇ. ತಂಡದವರಿಗೆಲ್ಲ ವಾರದ ದಿನಗಳಲ್ಲಿ ಬೇರೆ ಕೆಲಸ ಇತ್ತು, ವಾರಾಂತ್ಯಗಳಲ್ಲಿ ಸೇರಿ ಸುಮಾರು ಒಂದು ವರ್ಷ ಶೂಟಿಂಗ್ ಮಾಡಿದರು. ಫಿಲಂ ದುಬಾರಿ ಅಂತ ಮೊದಲೇ ಚೆನ್ನಾಗಿ ರಿಹರ್ಸಲ್ ಮಾಡಿ, ಒಂದೆರಡು ಟೇಕಿನಲ್ಲಿ ಮುಗಿಸುತ್ತಿದ್ದರು. ವಾರಾಂತ್ಯದ ಶೂಟಿಂಗ್‌ನಲ್ಲಿ ಒಂದೇ ತೊಂದರೆ, ಕೂದಲು. ಆರು ತಿಂಗಳ ನಡುವೆ ಯಾರೂ ಕ್ರಾಪು ಬದಲಿಸಬಾರದು. ಪ್ರತಿ ದಿನದ ಕೊನೆಗೆ ನಟರ ಮುಂದೆ, ಹಿಂದೆ, ಪಕ್ಕದಿಂದ ಫೋಟೊ ತೆಗೆದಿಟ್ಟುಕೊಳ್ಳಿ.

ಯಾರಿಗೂ ಸಂಬಳ ಕೊಡಲಾಗದಿದ್ದರೂ ಮೂರಕ್ಕೆ ದುಡ್ಡು ಎತ್ತಿಡಿ: ಊಟ, ಓಡಾಟ, ಸೌಂಡ್. ಹಸಿದ ತಂಡದಿಂದ ಒಳ್ಳೆಯ ಟೇಕ್ ಬರುವುದಿಲ್ಲ. ದಿನಕ್ಕೆ 12 ಗಂಟೆ ಮೀರಿ ಎಳೆಯಬೇಡಿ. ಪುಕ್ಕಟೆ ಬಂದವರಿಗೆ ಇನ್ನೂ ಮುಂಚೆ ಬಿಡಿ.

ಆರನೆಯ ಹೆಜ್ಜೆ: ಕೇಳಿಸಿಕೊಳ್ಳುವ ನಟರು ಬೇಕು

ಆಡಿಷನ್‌ಗೆ ಬಂದವರಿಗೆ ಎಲ್ಲರೂ ಅಳುವ ಸೀನ್ ಕೊಡುತ್ತಾರೆ. ಕಣ್ಣೀರು ಬಂದರೆ ಪಾಸು. ನಾನು ಚೀಲದ ಸೀನ್ ಕೊಡುತ್ತೇನೆ. "ಸರಿ" ಅನ್ನುವ ಒಂದೇ ಪದ. ಎದುರಿನವರು ಮಾತಾಡುವಾಗ ಇವರ ಮುಖದಲ್ಲಿ ಏನು ನಡೆಯುತ್ತದೆ ಅನ್ನುವುದೇ ಪರೀಕ್ಷೆ. ತಮ್ಮ ಸರದಿಗೆ ಕಾಯುತ್ತಾ ಇರುವವರು ತಕ್ಷಣ ಗೊತ್ತಾಗುತ್ತಾರೆ. ಅವರ ತುಟಿ ಮೊದಲೇ ಸಿದ್ಧವಾಗಿರುತ್ತದೆ.

ಮುಖ್ಯ ಪಾತ್ರಗಳಿಬ್ಬರನ್ನು ಬೇರೆ ಬೇರೆ ಆರಿಸಿ ಸುಮ್ನೆ ಜೋಡಿಸಬೇಡಿ. ಒಟ್ಟಿಗೆ ಕೂರಿಸಿ ನೋಡಿ. ಒಟ್ಟಿಗೆ ಒಂದು ಕೆಲಸ ಕೊಡಿ, ಬೆಡ್‌ಶೀಟ್ ಮಡಿಚುವುದು ಅಂದುಕೊಳ್ಳಿ. ವರ್ಷಗಟ್ಟಲೆ ಜೊತೆಗಿದ್ದ ಗಂಡ ಹೆಂಡತಿ ಬೆಡ್‌ಶೀಟ್ ಮಡಿಚುವಾಗ ಒಬ್ಬರ ಮುಖ ಒಬ್ಬರು ನೋಡುವುದಿಲ್ಲ, ಕೈಗಳಿಗೇ ಗೊತ್ತಿರುತ್ತದೆ. ಮೂರು ಸಲ ಮಾಡಿಸಿದಾಗ ಆ ಲಯ ಬರುವ ಜೋಡಿ ನಿಮ್ಮದು.

ರಿಹರ್ಸಲ್‌ನಲ್ಲಿ ಸ್ಕ್ರಿಪ್ಟಿನ ಸೀನುಗಳನ್ನು ಅರೆಯುತ್ತಾ ಕೂರಬೇಡಿ. ಸ್ಕ್ರಿಪ್ಟಿನಲ್ಲಿ ಇಲ್ಲದ್ದನ್ನು ಆಡಿಸಿ. ಇಬ್ಬರೂ ಮೊದಲ ಸಲ ಭೇಟಿಯಾದ ದಿನ. ಅವನಿಗೆ ಕೆಲಸ ಸಿಕ್ಕ ದಿನ. ಇವು ಚಿತ್ರದಲ್ಲಿ ಬರುವುದಿಲ್ಲ, ಆದರೆ ಚೀಲ ಕೊಡುವ ಕೈಯಲ್ಲಿ ಬರುತ್ತವೆ. ಒಂದು ಕಿತಾಪತಿಯೂ ಇದೆ. ಚೀಲ ಭಾರವಾಗುವ ಸೀನನ್ನು ಮೊದಲ ಟೇಕಿಗೆ ನಟಿಗೆ ಹೇಳದೆ ತೆಗೆದುನೋಡಬಹುದು. ತೂಕದಂಥ ತೊಂದರೆಯಿಲ್ಲದ ವಿಷಯಕ್ಕೆ ಮಾತ್ರ ಈ ಆಟ. ಹೊಡೆತ, ಮುಟ್ಟುವುದು, ಬೈಗುಳ, ಅವಮಾನ ಇಂಥವುಗಳಲ್ಲಿ ನಟರಿಗೆ ಹೇಳದೆ ಏನನ್ನೂ ಮಾಡಬಾರದು. ಅಪ್ಪುಗೆ, ಮುತ್ತು, ಹಾಸಿಗೆಯ ಸೀನುಗಳಿದ್ದರೆ ಯಾರ ಕೈ ಎಲ್ಲಿಂದ ಎಲ್ಲಿಗೆ ಅನ್ನುವುದು ನೃತ್ಯದ ಹಾಗೆ ಮೊದಲೇ ಗೊತ್ತಿರಬೇಕು, ಬರಹದಲ್ಲಿರಬೇಕು. ಅವತ್ತು ಕೋಣೆಯಲ್ಲಿ ಬೇಕಾದವರು ಮಾತ್ರ. ಇಂಥ ಸೀನುಗಳನ್ನು ನಟರ ಒಪ್ಪಿಗೆಯಂತೆ ರೂಪಿಸಿ ನೋಡಿಕೊಳ್ಳುವ ಇಂಟಿಮಸಿ ಕೋಆರ್ಡಿನೇಟರ್ ಸಿಗುವುದಾದರೆ ಕರೆಸಿ. ನಿನ್ನೆ ಒಪ್ಪಿದವರು ಇವತ್ತು ಬೇಡ ಅಂದರೆ ಬೇಡ ಅಂತಲೇ ಅರ್ಥ.

ಏಳನೆಯ ಹೆಜ್ಜೆ: ಕ್ಯಾಮೆರಾ, ಚುಟುಕಾಗಿ

ಕ್ಯಾಮೆರಾ ಯಾವುದು ಅನ್ನುವ ಚರ್ಚೆಯಲ್ಲಿ ಎಷ್ಟೋ ಸಿನಿಮಾಗಳು ಹುಟ್ಟುವ ಮೊದಲೇ ಸತ್ತಿವೆ. ಅಮೆರಿಕದ ನಿರ್ದೇಶಕ ಶಾನ್ ಬೇಕರ್ 2015ರ 'ಟ್ಯಾಂಜರೀನ್' ಚಿತ್ರವನ್ನು ಐಫೋನ್ 5ಎಸ್‌ಗಳಲ್ಲಿ ತೆಗೆದರು. ಚಿತ್ರ ಅಲ್ಲಿನ ಹೆಸರಾಂತ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ತೆರೆ ಕಂಡಿತು. ಅಷ್ಟು ಸಾಕು, ಮುಂದೆ ಹೋಗೋಣ.

ಫೋನಾದರೂ ಸರಿ, ಆಟೊಮ್ಯಾಟಿಕ್ ಸೆಟ್ಟಿಂಗುಗಳನ್ನೆಲ್ಲ ಆಫ್ ಮಾಡಿ. ಫೋಕಸ್, ಬೆಳಕು, ಬಣ್ಣ ಮೂರೂ ಲಾಕ್ ಆಗಿರಬೇಕು. ಇಲ್ಲವಾದರೆ ಅವನು ಬಾಗಿಲು ತೆಗೆದ ತಕ್ಷಣ ಕೋಣೆಯ ಬಣ್ಣವೇ ಬದಲಾಗುತ್ತದೆ. ಸೆಕೆಂಡಿಗೆ 24 ಫ್ರೇಮ್. ಶಟರ್ ಸ್ಪೀಡ್ (ಪ್ರತಿ ಫ್ರೇಮಿಗೆ ಬೆಳಕು ಬೀಳುವ ಹೊತ್ತು) ಅದರ ಎರಡರಷ್ಟು, ಅಂದರೆ ಸೆಕೆಂಡಿನ 1/48ರ ಹತ್ತಿರ. ನಿಮ್ಮಲ್ಲಿ ಕರೆಂಟು 50 ಹರ್ಟ್ಸ್ ಇದ್ದರೆ 1/50, 60 ಹರ್ಟ್ಸ್ ಇದ್ದರೆ 1/60 ಇಟ್ಟರೆ ಬಲ್ಬುಗಳು ಮಿಣುಕುವುದು ತಪ್ಪುತ್ತದೆ.

ಲೆನ್ಸ್ ವಿಷಯದಲ್ಲಿ ಒಂದು ಮಾತು. ವೈಡ್ ಲೆನ್ಸ್ ಹಿಡಿದು ಮುಖದ ಹತ್ತಿರ ಹೋದರೆ ಮೂಗು ದಪ್ಪಗಾಗಿ ಮುಖ ತಮಾಷೆಯಾಗುತ್ತದೆ. ಫುಲ್‌ಫ್ರೇಮ್ (ಹಳೆಯ 35 ಎಂಎಂ ಸ್ಟಿಲ್ ಫಿಲಂ ಅಳತೆಯ ಸೆನ್ಸರ್ ಇರುವ) ಕ್ಯಾಮೆರಾದಲ್ಲಿ 50ರಿಂದ 85 ಎಂಎಂ ನಡುವಿನ ಲೆನ್ಸಿನಲ್ಲಿ ಮುಖ ನಾವು ಎದುರು ಕೂತು ನೋಡಿದಂತೆ ಕಾಣುತ್ತದೆ.

ಯಾವ ಶಾಟ್ ತೆಗೆಯಬೇಕು ಅನ್ನುವುದಕ್ಕೆ ಗೋಡೆಯ ಹಾಳೆ ನೋಡಿ. ಈ ಸೀನಿನಲ್ಲಿ ಯಾರ ಕಾಲಂ ಬದಲಾಗುತ್ತಿದೆಯೋ ಅವರ ಮೇಲೆ ಕ್ಯಾಮೆರಾ. ಚೀಲದ ಸೀನಿನಲ್ಲಿ ಮಾತಾಡುವವನು ಗಂಡನಾದರೂ ಬದಲಾಗುವವಳು ಹೆಂಡತಿ. ಅವನು ಶೂ ಕಟ್ಟುತ್ತಾ, ಬೆನ್ನು ತೋರಿಸಿಕೊಂಡೇ "ತಗೊಂಡೆ" ಅನ್ನಲಿ. ಕೇಳುವವಳ ಮುಖ ನಮಗೆ ಬೇಕು. ಕ್ಲೋಸಪ್‌ಗಳನ್ನು ಜಿಪುಣರ ಹಾಗೆ ಖರ್ಚು ಮಾಡಿ. ಮೊದಲ ಹತ್ತು ನಿಮಿಷದಲ್ಲೇ ಹತ್ತು ಕ್ಲೋಸಪ್ ಹಾಕಿದರೆ, ನಿಜವಾಗಿ ಬೇಕಾದಾಗ ಕೈಯಲ್ಲಿ ಏನೂ ಉಳಿದಿರುವುದಿಲ್ಲ.

ಎಂಟನೆಯ ಹೆಜ್ಜೆ: ಸೌಂಡ್‌ಗೆ ಒಬ್ಬರನ್ನು ಇಡಿ

ಅದೇ 'ಟ್ಯಾಂಜರೀನ್' ತಂಡ ಚಿತ್ರವನ್ನು ಫೋನಿನಲ್ಲಿ ತೆಗೆದರೂ ಸೌಂಡನ್ನು ಫೋನಿಗೆ ಬಿಡಲಿಲ್ಲ, ಬೇರೆ ಸಲಕರಣೆಯಲ್ಲಿ ಹಿಡಿಯಿತು. ಫೋನಿನ ಕಥೆ ಹೇಳುವವರು ಇದನ್ನು ಹೇಳುವುದಿಲ್ಲ. ಚಿತ್ರ ಸ್ವಲ್ಪ ಮಂಕಾದರೆ ಜನ ಅದನ್ನೊಂದು ಶೈಲಿ ಅಂದುಕೊಳ್ಳುತ್ತಾರೆ. ಮಾತು ಕೇಳಿಸದಿದ್ದರೆ ಎದ್ದು ಹೋಗುತ್ತಾರೆ. ಪಿಸುಮಾತು, ಉಸಿರು, ಮೌನಗಳ ಮೇಲೆ ನಿಂತ ಚಿತ್ರಕ್ಕೆ ಸೌಂಡ್ ಅಂದರೆ ಅರ್ಧ ಸಿನಿಮಾ.

ಮೈಕ್ ಹತ್ತಿರ ಇರಬೇಕು, ಇದೊಂದೇ ನಿಯಮ. ಬೂಮ್ ಮೈಕ್, ಅಂದರೆ ಉದ್ದ ಕೋಲಿಗೆ ಕಟ್ಟಿ ಹಿಡಿಯುವ ಮೈಕ್, ಫ್ರೇಮಿನ ಅಂಚಿಗೆ ತಾಗುವಷ್ಟು ಹತ್ತಿರ, ಬಾಯಿಂದ ಒಂದು ಒಂದೂವರೆ ಅಡಿ. ಉದ್ದನೆಯ ಶಾಟ್‌ಗನ್ ಮೈಕ್ ಹೊರಗೆ ಚೆನ್ನ, ಸಣ್ಣ ಕೋಣೆಯಲ್ಲಿ ಗೋಡೆಗಳ ಪ್ರತಿಧ್ವನಿ ಸೇರಿಕೊಂಡು ಡಬ್ಬಿಯೊಳಗಿಂದ ಮಾತಾಡಿದಂತೆ ಕೇಳಿಸುತ್ತದೆ. ಒಳಾಂಗಣಕ್ಕೆ ಹೈಪರ್‌ಕಾರ್ಡಿಯಾಯ್ಡ್ ಮೈಕ್ (ಮುಖ್ಯವಾಗಿ ಎದುರಿನ ಸದ್ದನ್ನೇ ಹಿಡಿಯುವ ಗಿಡ್ಡ ಮೈಕ್) ಕೇಳಿ ಪಡೆಯಿರಿ. ಫ್ರೇಮಿನ ಆಚೆ ಕಂಬಳಿ, ಹಾಸಿಗೆ, ದಿಂಬು ಹಾಕಿ ಗೋಡೆಗಳ ಬಾಯಿ ಮುಚ್ಚಿಸಿ. ರೆಕಾರ್ಡರಿನಲ್ಲಿ 48 ಕಿಲೋಹರ್ಟ್ಸ್, 24 ಬಿಟ್. ಜೋರು ಮಾತು ಮೈನಸ್ 12 ಡೆಸಿಬಲ್ ಸುತ್ತ ಇರಲಿ. ಜಗಳದ ಸೀನಿನಲ್ಲಿ ಕಿರುಚಾಟಕ್ಕೆ ಜಾಗ ಉಳಿಯುತ್ತದೆ.

ಫ್ರಿಜ್ ಆಫ್ ಮಾಡಿ. ಮತ್ತೆ ಆನ್ ಮಾಡಲು ಮರೆಯದಿರಲು ಸೌಂಡಿನವರ ಒಂದು ಹಳೆಯ ಉಪಾಯ ಇದೆ: ಗಾಡಿ ಕೀಯನ್ನು ಫ್ರಿಜ್ಜಿನೊಳಗೇ ಇಡುವುದು. ಕೀ ಇಲ್ಲದೆ ಯಾರೂ ಮನೆಗೆ ಹೋಗುವಂತಿಲ್ಲ.

ಪ್ರತಿ ಜಾಗದಲ್ಲೂ ಎಲ್ಲರೂ ಉಸಿರು ಬಿಗಿಹಿಡಿದು ನಿಂತು ಒಂದು ನಿಮಿಷ ಕೋಣೆಯ ಖಾಲಿ ಸದ್ದು ರೆಕಾರ್ಡ್ ಮಾಡಿ. ರೂಮ್ ಟೋನ್ ಅನ್ನುತ್ತಾರೆ. ನಾನು ಒಂದು ಚಿತ್ರದಲ್ಲಿ ಇದನ್ನು ಮರೆತು, ಎಡಿಟಿಂಗ್‌ನಲ್ಲಿ ಎರಡು ಮಾತುಗಳ ನಡುವಿನ ಉಸಿರುಗಳನ್ನು ಕದ್ದು ಕದ್ದು ಜೋಡಿಸಿ ಮೌನ ತಯಾರು ಮಾಡಬೇಕಾಯಿತು. ಮೂರು ರಾತ್ರಿ ಹೋಯಿತು, ಒಂದು ನಿಮಿಷದ ಕೆಲಸಕ್ಕೆ. ಹಾಗೆಯೇ ಚೀಲದ ಸದ್ದನ್ನು ಬೇರೆಯಾಗಿ ಹಿಡಿಯಿರಿ. ಖಾಲಿ ಚೀಲ ಕುರ್ಚಿಗೆ ಬಿದ್ದರೆ ಒಂದು ಸದ್ದು, ಪತ್ರಿಕೆ ತುಂಬಿದ್ದಕ್ಕೆ ಇನ್ನೊಂದು, ಲ್ಯಾಪ್‌ಟಾಪ್ ಇದ್ದದ್ದಕ್ಕೆ ಮತ್ತೊಂದು. ಮೂರನ್ನೂ ಸರಿಯಾಗಿ ಹಿಡಿದರೆ, ಚೀಲ ತೋರಿಸದೆಯೂ ಕಥೆ ಹೇಳಬಹುದು.

ಒಂಬತ್ತನೆಯ ಹೆಜ್ಜೆ: ದಿನದ ಕೊನೆಗೆ ಕಾಪಿ

ಸೆಕೆಂಡಿಗೆ 100 ಮೆಗಾಬಿಟ್ ದರದಲ್ಲಿ ರೆಕಾರ್ಡ್ ಮಾಡಿದರೆ ಗಂಟೆಗೆ 45 ಜಿಬಿ. 90 ನಿಮಿಷದ ಚಿತ್ರಕ್ಕೆ ಹತ್ತು ಪಟ್ಟು ಶೂಟ್ ಮಾಡಿದಿರಿ ಅಂದರೆ 15 ಗಂಟೆ, 675 ಜಿಬಿ. ಮೂರು ಕಾಪಿಗೆ ಎರಡು ಟಿಬಿಗಿಂತ ಸ್ವಲ್ಪ ಜಾಸ್ತಿ. ಎರಡು ಕಾಪಿ ಬೇರೆ ಬೇರೆ ಡಿಸ್ಕಿನಲ್ಲಿ, ಮೂರನೆಯದು ಬೇರೆ ಮನೆಯಲ್ಲಿ. ಕಾಪಿ ಆದ ಫೈಲುಗಳನ್ನು ತೆರೆದು ನೋಡುವ ತನಕ ಕಾರ್ಡ್ ಅಳಿಸಬೇಡಿ. ಸುಸ್ತಾಗಿರುವವರ ಕೈಗೆ ಈ ಕೆಲಸ ಕೊಡಬೇಡಿ, ಅಂದರೆ ನಿರ್ದೇಶಕರ ಕೈಗೆ ಕೊಡಬೇಡಿ.

ಹತ್ತನೆಯ ಹೆಜ್ಜೆ: ಎಡಿಟಿಂಗ್ ಟೇಬಲ್ಲಿನಲ್ಲಿ ಮತ್ತೆ ಬರೆಯುವುದು

ಶೂಟಿಂಗ್ ಮುಗಿದ ಮೇಲೆ ಎರಡು ವಾರ ಫೂಟೇಜ್ ಮುಟ್ಟಬೇಡಿ. ಯಾವ ಶಾಟಿಗೆ ಎಷ್ಟು ಒದ್ದಾಡಿದಿರಿ ಅನ್ನುವುದು ಮರೆಯಬೇಕು. ಮಳೆ ನಿಲ್ಲಲಿ ಅಂತ ನಾಲ್ಕು ಗಂಟೆ ಕಾದು ತೆಗೆದದ್ದು ಅನ್ನುವ ಕಾರಣಕ್ಕೆ ಒಂದು ಶಾಟ್ ಚಿತ್ರದಲ್ಲಿ ಉಳಿಯಬಾರದಲ್ಲ.

ಮೊದಲ ಜೋಡಣೆ ಯಾವಾಗಲೂ ಉದ್ದ, ಯಾವಾಗಲೂ ಬೇಸರ. ಹೆದರಬೇಡಿ. ಈಗ ಮತ್ತೆ ಅದೇ ಹಾಳೆ ತೆಗೆಯಿರಿ, ನೋಡುವವರ ಕಾಲಂ ಮಾತ್ರ ನೋಡಿ. ನಮ್ಮ ಚಿತ್ರದಲ್ಲಿ ಕೆಲಸ ಹೋದ ಸೀನ್ ಮೊದಲೇ ಇದ್ದರೆ, ಚೀಲ ಹಗುರವಾದಾಗ ನಾವು ಅವಳಿಗಿಂತ ಮುಂದಿರುತ್ತೇವೆ. "ಅಯ್ಯೋ, ಗೊತ್ತಾಗಿಬಿಡ್ತು" ಅಂದುಕೊಳ್ಳುತ್ತೇವೆ. ಆ ಸೀನನ್ನೇ ಕಿತ್ತುಹಾಕಿ ನೋಡಿ. ಈಗ ಚೀಲ ಹಗುರವಾದಾಗ ನಮಗೂ ಏನೂ ಗೊತ್ತಿಲ್ಲ. ಅವಳ ಜೊತೆ ನಾವೂ ಯೋಚಿಸುತ್ತೇವೆ: ಒಳಗಿದ್ದದ್ದು ಎಲ್ಲಿ ಹೋಯಿತು? ಒಂದೇ ಫೂಟೇಜ್, ಎರಡು ಬೇರೆ ಸಿನಿಮಾ. ನನ್ನ ಆಯ್ಕೆ ಎರಡನೆಯದು. ನಿಮ್ಮದು ಮೊದಲನೆಯದಾದರೆ ಅದಕ್ಕೂ ಕಾರಣ ಇರುತ್ತದೆ, ಆದರೆ ಎರಡನ್ನೂ ಜೋಡಿಸಿ ನೋಡಿಯೇ ನಿರ್ಧಾರ ಮಾಡಿ.

ಮಾತಿನ ಸೀನುಗಳಲ್ಲಿ ಮಾತಾಡುವವರ ಮುಖಕ್ಕೆ ಕಟ್, ಉತ್ತರಿಸುವವರ ಮುಖಕ್ಕೆ ಕಟ್, ಹೀಗೆ ಟೆನಿಸ್ ಆಡಬೇಡಿ. ಅವನ ಮಾತು ಶುರುವಾಗಲಿ, ಚಿತ್ರ ಅವಳ ಮೇಲೇ ಇರಲಿ. ಸೌಂಡ್ ಮೊದಲು ಬಂದು ಚಿತ್ರ ಆಮೇಲೆ ಬರುವುದಕ್ಕೆ ಜೆ ಕಟ್ ಅನ್ನುತ್ತಾರೆ, ಚಿತ್ರ ಹೋದ ಮೇಲೂ ಸೌಂಡ್ ಮುಂದುವರಿದರೆ ಎಲ್ ಕಟ್. ಇವೆರಡು ಚೆನ್ನಾಗಿ ಬಂದರೆ ಜೋಡಿಸಿದ ಗುರುತೇ ಕಾಣುವುದಿಲ್ಲ.

ಸಂಗೀತ ಕೊನೆಗೆ. ಸೀನ್ ಸೊರಗಿದೆ ಅಂತ ವಯಲಿನ್ ಹಾಕಿದರೆ ಸೀನ್ ಇನ್ನೂ ಸೊರಗುತ್ತದೆ. ಯಾವುದಾದರೂ ಹಳೆಯ ಹಾಡು ಬಳಸುವ ಆಸೆ ಇದ್ದರೆ ನೆನಪಿಡಿ, ಹಾಡಿಗೆ ಎರಡು ಹಕ್ಕುಗಳಿವೆ. ಸಾಹಿತ್ಯ ಮತ್ತು ರಾಗದ್ದು ಒಂದು, ಆ ರೆಕಾರ್ಡಿಂಗ್‌ನದ್ದು ಇನ್ನೊಂದು. ಎರಡೂ ಬೇಕು, ಬರಹದಲ್ಲಿ ಬೇಕು. ಪಾತ್ರ ಸುಮ್ನೆ ಗುನುಗಿದರೂ ಮೊದಲನೆಯದು ಬೇಕೇಬೇಕು.

ಆಮೇಲೆ ಐದು ಜನಕ್ಕೆ ತೋರಿಸಿ. ಸಿನಿಮಾದವರು ಇಬ್ಬರಿಗಿಂತ ಹೆಚ್ಚಿರಬಾರದು. "ಹೇಗಿದೆ?" ಅಂತ ಕೇಳಬೇಡಿ, ಎಲ್ಲರೂ ಚೆನ್ನಾಗಿದೆ ಅನ್ನುತ್ತಾರೆ. "ಅವಳಿಗೆ ಯಾವಾಗ ಗೊತ್ತಾಯ್ತು?" ಅಂತ ಕೇಳಿ. ಐದರಲ್ಲಿ ಮೂವರು ಚೀಲದ ಸೀನ್ ಹೆಸರಿಸಿದರೆ ಚಿತ್ರ ನಿಂತಿದೆ. ಒಬ್ಬರೂ ಹೇಳದಿದ್ದರೆ ಆ ಶಾಟ್ ಅರ್ಧ ಸೆಕೆಂಡ್ ಗಿಡ್ಡ ಆಗಿದೆ. ಸಾಮಾನ್ಯವಾಗಿ ತೊಂದರೆ ಅಷ್ಟೇ ಸಣ್ಣದು.

ಹನ್ನೊಂದನೆಯ ಹೆಜ್ಜೆ: ಹೊರಗೆ ಕಳಿಸುವುದು

ಖುಷಿಯಲ್ಲಿ ಯೂಟ್ಯೂಬಿಗೆ ಹಾಕಿಬಿಡಬೇಡಿ. ಎಷ್ಟೋ ಚಿತ್ರೋತ್ಸವಗಳು ಮೊದಲ ಪ್ರದರ್ಶನ ತಮ್ಮಲ್ಲೇ ಆಗಬೇಕು ಅನ್ನುತ್ತವೆ. ಎಲ್ಲಿಗೆ ಕಳಿಸುತ್ತೀರಿ ಅಂತ ಪಟ್ಟಿ ಮಾಡಿ, ನಿಯಮ ಓದಿ, ದೊಡ್ಡದರಿಂದ ಶುರು ಮಾಡಿ. ಉದ್ದವನ್ನೂ ನೋಡಿಕೊಳ್ಳಿ. ಆಸ್ಕರ್ ಕೊಡುವ ಅಕಾಡೆಮಿಯ ಲೆಕ್ಕದಲ್ಲಿ ಟೈಟಲ್ಲುಗಳೂ ಸೇರಿ 40 ನಿಮಿಷದೊಳಗಿನದು ಕಿರುಚಿತ್ರ. 45 ನಿಮಿಷದ ಚಿತ್ರ ಅಲ್ಲೂ ಸಲ್ಲದೆ ಇಲ್ಲೂ ಸಲ್ಲದೆ ತ್ರಿಶಂಕು ಆಗುತ್ತದೆ. ಒಂದೋ 38ಕ್ಕೆ ಇಳಿಸಿ, ಇಲ್ಲ 75ಕ್ಕೆ ಬರೆಯಿರಿ.

ಸಬ್‌ಟೈಟಲ್ ಬೇರೆ ಫೈಲಿನಲ್ಲಿರಲಿ, ಚಿತ್ರದ ಮೇಲೆ ಅಚ್ಚೊತ್ತಬೇಡಿ. ಇಂಗ್ಲಿಷ್ ಆದರೆ ಒಂದು ಸಾಲಿಗೆ 42 ಅಕ್ಷರ, ಒಂದು ಸಲಕ್ಕೆ ಎರಡೇ ಸಾಲು. ಮಾತು ಮುಗಿಯುವ ಮೊದಲೇ ಸಬ್‌ಟೈಟಲ್‌ನಲ್ಲಿ ಗುಟ್ಟು ಕಾಣಿಸಬಾರದು. ಥಿಯೇಟರಿಗೆ ಡಿಸಿಪಿ (ಡಿಜಿಟಲ್ ಸಿನಿಮಾ ಪ್ಯಾಕೇಜ್, ಅಲ್ಲಿನ ಪ್ರೊಜೆಕ್ಟರಿಗೆ ಹೊಂದುವ ಫೈಲುಗಳ ಕಟ್ಟು) ಕೇಳುತ್ತಾರೆ. ಮಾಡಿಸಿದ ಮೇಲೆ ಒಂದು ನಿಜವಾದ ಥಿಯೇಟರಿನಲ್ಲಿ ಹತ್ತು ನಿಮಿಷವಾದರೂ ಓಡಿಸಿ ನೋಡಿ.

ಚಿತ್ರ ಯಾರೂ ಕೊಳ್ಳದಿದ್ದರೆ? 1974ರಲ್ಲಿ ಅಮೆರಿಕದ ನಿರ್ದೇಶಕ ಜಾನ್ ಕ್ಯಾಸವೆಟಿಸ್ 'ಎ ವುಮನ್ ಅಂಡರ್ ದಿ ಇನ್‌ಫ್ಲುಯೆನ್ಸ್' ಮುಗಿಸಿದಾಗ ಹಂಚುವವರು ಸಿಗಲಿಲ್ಲ. ಥಿಯೇಟರಿನವರಿಗೆ ತಾವೇ ಫೋನ್ ಮಾಡಿ ಚಿತ್ರ ಹಾಕಿಸಿದರು. ಅದೂ ಒಂದು ಮನೆಯೊಳಗಿನ ಚಿತ್ರವೇ. ಫಿಲಂ ಕ್ಲಬ್, ಕಾಲೇಜು, ಯಾರದೋ ಹಾಲ್, ಎಲ್ಲಿ ಐವತ್ತು ಕುರ್ಚಿ ಇದೆಯೋ ಅಲ್ಲಿಗೆಲ್ಲ ಫೋನ್ ಮಾಡಬಹುದು.

ಕೊನೆಯದಾಗಿ ಎರಡು ಸಣ್ಣ ಕೆಲಸ, ಎಲ್ಲರೂ ಕೊನೆ ಗಳಿಗೆಗೆ ಬಿಡುವಂಥವು. ಒಂದು, ಚಿತ್ರದ ಸಾರಾಂಶ. "ಕೆಲಸ ಕಳೆದುಕೊಂಡ ಗಂಡನ ಗುಟ್ಟು ಹೆಂಡತಿಗೆ ಚೀಲದಿಂದ ತಿಳಿಯುತ್ತದೆ, ಅವಳು ಅದನ್ನು ಮುಚ್ಚಿಡುತ್ತಾಳೆ" ಅಂತ ಬರೆದರೆ ಸಿನಿಮಾವನ್ನೇ ಕೊಟ್ಟುಬಿಟ್ಟಂತೆ. "ಒಂದು ಬೆಳಗ್ಗೆ ಗಂಡನ ಆಫೀಸಿನ ಚೀಲ ಎತ್ತಿ ಕೊಡುವಾಗ ಅವಳಿಗೆ ಅದು ಹಗುರ ಅನ್ನಿಸುತ್ತದೆ." ಇಷ್ಟು ಸಾಕು. ಇನ್ನೊಂದು, ಫೋಟೊ. ವೀಡಿಯೊದಿಂದ ಕಿತ್ತ ಫ್ರೇಮ್ ಪೋಸ್ಟರಿಗೆ ಹಿಡಿಸುವುದಿಲ್ಲ, ಕೈ ಆಡಿದ್ದರೆ ಮಸುಕಾಗಿರುತ್ತದೆ. ಚೀಲದ ಸೀನ್ ತೆಗೆಯುವ ದಿನ, ಟೇಕ್ ಓಕೆ ಆದ ತಕ್ಷಣ, ಲೈಟ್ ಆರಿಸುವ ಮೊದಲು, ನಟಿಗೆ ಇನ್ನೊಮ್ಮೆ ಚೀಲ ಎತ್ತಲು ಹೇಳಿ ಸ್ಟಿಲ್ ಕ್ಯಾಮೆರಾದಲ್ಲಿ ನಾಲ್ಕು ಫೋಟೊ ತೆಗೆದುಕೊಳ್ಳಿ.